ಒಬ್ಬಳು ಮಗಳಿದ್ದಳು

ವನಿತಾಳ ಬಾಯಲ್ಲಿ ಹಕಾರ ಇರಲಿಲ್ಲ. ಅವಳು ಹುಟ್ಟಿದ ಮನೆಯಲ್ಲಿ ಯಾರ ಬಾಯಲ್ಲೂ ಇರಲಿಲ್ಲ. ಅಲ್ಲಿ ಹಾಲು ಆಲಾಗಿತ್ತು, ಹಸು ಅಸುವಾಗಿತ್ತು, ಹೆಣ ಎಣವಾಗಿತ್ತು. ಬೆಂಗಳೂರಿನ ಹಾಸ್ಟೆಲಿನಲ್ಲಿ ಎಂ.ಎ. ಓದುವಾಗ, ಬಚ್ಚಲಿನ ಬಾಗಿಲು ಹಾಕಿಕೊಂಡು, ಅಂಗೈಯನ್ನು ಬಾಯಿಗೆ ಅಡ್ಡ ಹಿಡಿದು ಅವಳು ಅದನ್ನು ಕಲಿತಳು. ಅಂಗೈಗೆ ಬಿಸಿಯುಸಿರು ತಾಗಿದರೆ ಹಕಾರ ಬಂತು ಎಂದು ಲೆಕ್ಕ. ಮೊದಮೊದಲು ಅದು ಅತಿಯಾಗಿ ಬಂದು ಆನೆಯೂ ಹಾನೆಯಾಯಿತು. ನಕ್ಕವರ ಮುಖಗಳನ್ನು ನೆನಪಿಟ್ಟುಕೊಂಡು ತಿದ್ದಿಕೊಂಡಳು.

ಈಗ ಆ ಹಕಾರವೇ ಅವಳಿಗೆ ಅನ್ನ ಹಾಕುತ್ತಿತ್ತು.

ಮಿನಿಬಸ್ಸಿನಲ್ಲಿ ಅವಳ ಹಿಂದೆ ಕೂತವರೆಲ್ಲ ಅವಳ ವಿದ್ಯಾರ್ಥಿಗಳು. ಬ್ಯಾಂಕಿನವರು, ಕಂಪನಿಯವರು, ಬೆಂಗಳೂರಿಗೆ ವರ್ಗವಾಗಿ ಬಂದು ಕನ್ನಡ ಕಲಿಯಲೇಬೇಕಾದವರು. ಪಕ್ಕದಲ್ಲಿ ಕೂತವಳು ಸುಮಿತಾ, ಕನ್ನಡ ಕಲಿಸುವ ಆ ಸಂಸ್ಥೆಯ ಒಡತಿ. ಸಂದರ್ಶನದ ದಿನ ಸುಮಿತಾ ಯಾವ ಊರು ಎಂದು ಕೇಳಿದ್ದಳು. “ಮೈಸೂರು ಮೈನ್ಸ್ ಹತ್ತಿರ” ಎಂದಿದ್ದಳು ವನಿತಾ. ಅಷ್ಟರಲ್ಲಿ ಸುಮಿತಾಳಿಗೆ ಫೋನು ಬಂತು. ಮಾತು ಮುಗಿಸಿ, “ಮೈಸೂರಾ? ಹಾಗಾದರೆ ಇನ್ನೇನು ಕೇಳೋದು” ಎಂದಳು. ಮೈಸೂರು ಮೈನ್ಸ್ ಇರುವುದು ಕೆಜಿಎಫ್‌ನಲ್ಲಿ, ಮೈಸೂರಿನಲ್ಲಿ ಅಲ್ಲ ಎಂದು ಹೇಳಲು ವನಿತಾಳಿಗೆ ಬೇಕಾದಷ್ಟು ಸಮಯವಿತ್ತು. ಹೇಳಲಿಲ್ಲ. ಮರುವಾರ ಜಾಹೀರಾತು ಬಂತು: ಮೈಸೂರಿನ ಅಚ್ಚ ಕನ್ನಡ, ಮೈಸೂರಿನವರ ಬಾಯಿಂದಲೇ.

ಸುಳ್ಳು ಅದೊಂದೇ. ಉಳಿದದ್ದೆಲ್ಲ ಅದನ್ನು ಕಾಯುವ ಕೆಲಸ.

ಪ್ರವಾಸ ನಂದಿಬೆಟ್ಟಕ್ಕೆ ಆಗಲಿ ಎಂದು ಅವಳು ಹೇಳಿ ನೋಡಿದ್ದಳು. “ನಂದಿ ಎಲ್ಲರೂ ನೋಡಿರ್ತಾರೆ ಕಣೇ. ಇದು ಬೇರೆ ಲೋಕ, ನೋಡು” ಎಂದು ಸುಮಿತಾ ಫೋನಿನಲ್ಲಿ ಚಿತ್ರ ತೋರಿಸಿದ್ದಳು. ಬೂದುಬಣ್ಣದ ಇಳಿಜಾರು, ಮಳೆ ಕೊರೆದ ಸೀಳುಗಳು, ಮೇಲೆ ನೀಲಿ ಆಕಾಶ, ಕೆಂಪು ದುಪಟ್ಟಾ ಹಾರಿಸುತ್ತ ನಿಂತ ಹುಡುಗಿ. ಕೆಳಗೆ ‘ಒಂದು ದಿನದ ಪರ್ವತ ಯಾತ್ರೆ’ ಎಂದು ಬರೆದಿತ್ತು.

ಕೆಜಿಎಫ್ ಊರಿನವರು ಅದನ್ನು ಸೈನೈಡ್ ದಿಬ್ಬ ಎನ್ನುತ್ತಾರೆ. ಗಣಿಯಿಂದ ಎತ್ತಿದ ಕಲ್ಲನ್ನು ಪುಡಿಮಾಡಿ, ಸೈನೈಡಿನಲ್ಲಿ ತೊಳೆದು, ಇದ್ದ ಚಿನ್ನವನ್ನು ತೆಗೆದುಕೊಂಡ ಮೇಲೆ ಸುರಿದ ಗಸಿ. ವರ್ಷಗಟ್ಟಲೆ ಸುರಿದರೆ ಗಸಿಯೂ ಬೆಟ್ಟವಾಗುತ್ತದೆ. ಬೇಸಿಗೆಯಲ್ಲಿ ಗಾಳಿ ಎದ್ದರೆ ಒಲೆಯ ಮೇಲಿನ ಸಾರಿನಲ್ಲೂ ಅದು ಬಿದ್ದಿರುತ್ತದೆ. ಇದನ್ನು ಅವಳು ಸುಮಿತಾಳಿಗೆ ಹೇಳುವಂತಿರಲಿಲ್ಲ. ಮೈಸೂರಿನವಳಿಗೆ ಇದೆಲ್ಲ ಗೊತ್ತಿರಬಾರದು.

ಬಂಗಾರಪೇಟೆಯಲ್ಲಿ ಗೈಡು ಹತ್ತಬೇಕಿತ್ತು. ಬಸ್ಸು ಸ್ಟೇಷನ್ನಿನ ಎದುರು ನಿಂತಿತು. ಆಟೋಗಳ ಸಾಲಿನಲ್ಲಿ ತನ್ನ ಆಟೋಗೆ ಒರಗಿಕೊಂಡು, ಹಲ್ಲಿಗೆ ಕಡ್ಡಿ ಹಾಕುತ್ತ ಅವಳ ಚಿಕ್ಕಪ್ಪ ಶ್ರೀರಾಮಪ್ಪ ನಿಂತಿದ್ದ. ವನಿತಾ ತಲೆ ಬಗ್ಗಿಸಿ ಬ್ಯಾಗಿನಲ್ಲಿ ಏನನ್ನೋ ಹುಡುಕತೊಡಗಿದಳು. ಬಸ್ಸು ಹೊರಡುವವರೆಗೂ ಅದು ಸಿಗಲಿಲ್ಲ.

ಗೈಡಿನ ಹೆಸರು ಸಾಯಿಕುಮಾರ್. ಕಪ್ಪು ಕನ್ನಡಕ, ಕೊರಳಲ್ಲಿ ಐಡಿ ಕಾರ್ಡು. ಡ್ರೈವರಿನ ಪಕ್ಕ ನಿಂತು ಮೈಕಿಲ್ಲದೆಯೇ ಮೈಕಿನಲ್ಲಿ ಮಾತಾಡುವವನಂತೆ ಮಾತಾಡಿದ.

“ಬೆಟ್ಟ ಹತ್ತೋಕ್ ಮುಂಚೆ ಒಬ್ರನ್ನ ಮೀಟ್ ಮಾಡಿಸ್ತೀನಿ. ಚಾಂಪಿಯನ್ ರೀಫ್ಸ್ ಮೈನಲ್ಲಿ ಮೂವತ್ತು ವರ್ಷ ಭೂಮಿ ಒಳಗಿದ್ದೋರು. ಪೆರುಮಾಳ್ ತಾತ. ಒರಿಜಿನಲ್ ಪೀಸು. ಇದೇ ಕೊನೇ ಸ್ಟಾಕು.”

ಎಲ್ಲರೂ ನಕ್ಕರು.

ಬಸ್ಸು ಒಂದು ಬೋರ್ಡನ್ನು ದಾಟಿತು. ಕಾನ್ಪುರದಿಂದ ಬಂದ ಬ್ಯಾಂಕ್ ಅಧಿಕಾರಿ ತ್ರಿಪಾಠಿ ಎಲ್ಲ ಬೋರ್ಡುಗಳನ್ನೂ ಅಕ್ಷರ ಕೂಡಿಸಿ ಓದುತ್ತಿದ್ದ.

“ಮೈ-ಸೂ-ರು. ಮೇಡಂ, ನಿಮ್ಮ ಊರು ಬಂತು.”

“ಅದು ಬೇರೆ ಮೈಸೂರು” ಎಂದಳು ವನಿತಾ.

“ನೋಡಿದರೇ ಗೊತ್ತಾಗತ್ತೆ ಬಿಡಿ” ಎಂದಳು ಸುಮಿತಾ, ಕಿಟಕಿಯಾಚೆ ತಗಡಿನ ಮನೆಗಳ ಸಾಲನ್ನು ನೋಡುತ್ತ.

ದಿಬ್ಬದ ಬುಡದಲ್ಲಿ ಒಂದು ಸೀಮೆಜಾಲಿ, ಅದರ ಅರೆಬರೆ ನೆರಳಲ್ಲಿ ಪ್ಲಾಸ್ಟಿಕ್ ಕುರ್ಚಿ. ತಲೆಗೆ ಹಳದಿ ಹೆಲ್ಮೆಟ್, ಹೆಲ್ಮೆಟ್ಟಿಗೆ ಉರಿಯದ ದೀಪ, ಕಾಲಿಗೆ ಅಳತೆ ಮೀರಿದ ಗಮ್‌ಬೂಟು ಹಾಕಿಕೊಂಡು ಪೆರುಮಾಳ್ ತಾತ ಕೂತಿದ್ದ.

ಅವನು ಅವಳ ಅಪ್ಪ ಮುನಿನಾರಾಯಣಪ್ಪ.

ವನಿತಾಳಿಗೆ ಮೊದಲು ಅನ್ನಿಸಿದ್ದು ಇಷ್ಟೇ: ಆ ಬೂಟು ಯಾರದು?

ಅಪ್ಪ ಗಣಿಯೊಳಗೆ ಒಂದು ದಿನವೂ ಇಳಿದವನಲ್ಲ. ಇಟ್ಟಿಗೆ ಹೊತ್ತಿದ್ದ, ಬಾವಿ ತೋಡಿದ್ದ, ಟೊಮೆಟೊ ಕ್ರೇಟುಗಳನ್ನು ಲಾರಿಗೆ ಎತ್ತಿಹಾಕಿದ್ದ. ಅಪ್ಪ ಈಗ ‘ಸೂಟಿಂಗ್ ತಾವ’ ಕೆಲಸಕ್ಕೆ ಹೋಗುತ್ತಾನೆ ಎಂದು ತಮ್ಮ ಮುನಿರಾಜ್ ಫೋನಿನಲ್ಲಿ ಹೇಳಿದ್ದ. ಸಿನಿಮಾದವರ ಸಾಮಾನು ಕಾಯುವ ಕೆಲಸವಿರಬೇಕು ಎಂದುಕೊಂಡು ಅವಳು ಹೆಚ್ಚು ಕೇಳಿರಲಿಲ್ಲ. ಕೇಳಿದರೆ ಮುನಿರಾಜನೂ ಅವಳ ಬಗ್ಗೆ ಕೇಳುತ್ತಿದ್ದ.

ಅಪ್ಪ ಅವಳನ್ನು ನೋಡಿದ. ಅವನ ಮುಖದಲ್ಲಿ ಏನೋ ಏಳಲು ಹೊರಟಿತು. ಅವಳ ಪಕ್ಕದ ಸುಮಿತಾಳನ್ನು, ಹಿಂದೆ ಫೋನು ಹಿಡಿದು ಬರುತ್ತಿದ್ದವರನ್ನು ನೋಡಿ ಅದು ಅಲ್ಲೇ ಕೂತಿತು. ಕುರ್ಚಿಯ ಎರಡು ಕೈಗಳನ್ನೂ ಹಿಡಿದುಕೊಂಡು ಕಾದ, ಕರೆದರೆ ಎದ್ದುಬಿಡುವವನಂತೆ.

ಅಪ್ಪ ಎನ್ನುವ ಮಾತಿನಲ್ಲಿ ಹಕಾರವಿಲ್ಲ. ಅದನ್ನು ತಪ್ಪಾಗಿ ಅಂದುಬಿಡುವ ಭಯವೂ ಇರಲಿಲ್ಲ.

“ಎಲ್ಲರೂ ಸುತ್ತ ಬನ್ನಿ” ಎಂದಳು ಸುಮಿತಾ. “ಇವತ್ತಿನ ಪಾಠ ಇಲ್ಲೇ. ತಾತನಿಗೆ ಕನ್ನಡದಲ್ಲೇ ಪ್ರಶ್ನೆ ಕೇಳಬೇಕು. ವನಿತಾ, ಮೊದಲು ನೀನು ಕೇಳಿ ತೋರಿಸು. ಅವರು ಹೇಳಿದ್ದು ಇವರಿಗೆ ಅರ್ಥವಾಗದಿದ್ದರೆ ಬಿಡಿಸಿ ಹೇಳು.”

ವನಿತಾ ಗಂಟಲು ಸರಿಮಾಡಿಕೊಂಡಳು.

“ನಿಮ್ಮ ಹೆಸರೇನು?”

ಹಕಾರ ಸ್ವಚ್ಛವಾಗಿ ಬಂತು. ಅಪ್ಪ ಕುರ್ಚಿಯ ಕೈಗಳನ್ನು ಬಿಟ್ಟ.

“ಪೆರುಮಾಳು ಮೇಡಂ.”

“ಎಷ್ಟು ವರ್ಷ ಕೆಲಸ ಮಾಡಿದಿರಿ?”

“ಮುಪ್ಪದು ವರ್ಸ. ಬೆಳಿಗ್ಗೆ ಕೀಳೆ ಇಳಿದ್ರೆ ಸಾಯಂಕಾಲ ಮೇಲೆ ಬರೋದು. ಬಂದ್ರೆ ಬಂದ್ವಿ, ಇಲ್ದಿದ್ರೆ ಇಲ್ಲ.”

ಮುಪ್ಪದು ಎಂದರೆ ಮೂವತ್ತು, ಕೀಳೆ ಎಂದರೆ ಕೆಳಗೆ, ಎರಡೂ ತಮಿಳು ಎಂದು ಅವಳು ವಿವರಿಸಿದಳು. ಮನೆಯಲ್ಲಿ ತೆಲುಗು ಬೆರೆಸಿ ಮಾತಾಡುವ ಅಪ್ಪ ಈ ತಮಿಳನ್ನು ಯಾವ ಬಚ್ಚಲಿನಲ್ಲಿ ನಿಂತು ಕಲಿತನೋ.

ಅವನು ಚೆನ್ನಾಗಿ ಮಾಡಿದ. ಅವಸರಪಡಲಿಲ್ಲ. ನಡುನಡುವೆ ಎದೆ ಹಿಡಿದು ಕೆಮ್ಮಿದ. “ಸೊಂತ ತಂಬಿ ಮೇಡಂ, ನಂದು. ಒಂದೇ ತಟ್ಟೇಲಿ ಉಂಡೋನು. ಒಳಗೆ ಬಂಡೆ ಸಿಡೀತು. ನಾನು ಈ ಕಡೆ, ಅವ್ನು ಆ ಕಡೆ. ಎಣನೂ ಸಿಗ್ಲಿಲ್ಲ.”

ತಂಬಿ ಎಂದರೆ ತಮ್ಮ ಎಂದಳು ವನಿತಾ. ಉಳಿದದ್ದನ್ನು ಇಂಗ್ಲಿಷಿನಲ್ಲಿ ಹೇಳಿದಳು. ಬಂಗಾರಪೇಟೆಯಲ್ಲಿ ಹಲ್ಲಿಗೆ ಕಡ್ಡಿ ಹಾಕುತ್ತಿದ್ದ ಚಿಕ್ಕಪ್ಪ ಅವಳ ಬಾಯಲ್ಲಿ ಇಂಗ್ಲಿಷಿನಲ್ಲಿ ಇನ್ನೊಮ್ಮೆ ಸತ್ತ. ವಿದ್ಯಾರ್ಥಿಗಳಲ್ಲಿ ಯಾರೋ ಕಪ್ಪು ಕನ್ನಡಕವನ್ನು ಎತ್ತಿ ಕಣ್ಣೊರೆಸಿಕೊಂಡರು.

ಅಪ್ಪ ಎಡಗೈ ಎತ್ತಿದ. ಎರಡು ಬೆರಳು ಬುಡಕ್ಕೇ ಇರಲಿಲ್ಲ.

“ಮಿಷನ್ನು ತಿಂತು.”

ಮಿಷನ್ನು ನಿಜ. ಬೇತಮಂಗಲದ ಹತ್ತಿರ ಹಸು ಸಾಕಿದವರೊಬ್ಬರ ಹುಲ್ಲು ಕತ್ತರಿಸುವ ಮಿಷನ್ನು. ವನಿತಾ ಆಗ ಹತ್ತನೆಯ ತರಗತಿ. ಪಂಚೆಯಲ್ಲಿ ಸುತ್ತಿದ ಆ ಕೈಯನ್ನು ತನ್ನ ತೊಡೆಯ ಮೇಲಿಟ್ಟುಕೊಂಡು ಬಸ್ಸಿನಲ್ಲಿ ಆಸ್ಪತ್ರೆಗೆ ಕರೆದೊಯ್ದವಳು ಅವಳೇ. ಯೂನಿಫಾರ್ಮಿನ ಕಲೆ ಹೋಗಲಿಲ್ಲ. ಆ ವರ್ಷ ಅದನ್ನೇ ಹಾಕಿಕೊಂಡು ಪರೀಕ್ಷೆ ಬರೆದಳು. ಯಂತ್ರಕ್ಕೆ ಸಿಕ್ಕಿ ಹೋಯಿತಂತೆ ಎಂದು ಅನುವಾದಿಸಿದಳು. ಅನುವಾದದಲ್ಲಿ ಸುಳ್ಳೇನೂ ಇರಲಿಲ್ಲ.

ತ್ರಿಪಾಠಿ ಕೈ ಎತ್ತಿದ. ಶಾಲೆಯ ಮಕ್ಕಳಂತೆ ಕೈ ಎತ್ತಿಯೇ ಮಾತಾಡುವವನು ಅವನು.

“ನಿಮಗೆ ಯೆಷ್ಟು ಮಕ್ಕಳ್ ಇದೆ?”

ಅಪ್ಪನಿಗೆ ಅರ್ಥವಾಗಲಿಲ್ಲ. ಅವಳ ಕಡೆ ನೋಡಿದ.

“ಸರಿಯಾಗಿ ಕೇಳಿ ತೋರಿಸು” ಎಂದಳು ಸುಮಿತಾ.

“ನಿಮಗೆ ಎಷ್ಟು ಜನ ಮಕ್ಕಳು?”

ಹೆಲ್ಮೆಟ್ಟಿನ ಅಂಚಿನಿಂದ ಬೆವರು ಇಳಿದು ಅಪ್ಪನ ಹುಬ್ಬಿನಲ್ಲಿ ನಿಂತಿತು. ಅವನು ಅದನ್ನು ಒರೆಸಿಕೊಳ್ಳಲಿಲ್ಲ.

“ಒಬ್ಬ ಮಗ ಅವ್ನೆ” ಎಂದ. ತಮಿಳು ಬಿಟ್ಟುಹೋಗಿತ್ತು. “ಒಬ್ಳು ಮಗಳಿದ್ಲು.”

“ಇದ್ಲು?” ಎಂದ ತ್ರಿಪಾಠಿ. “ಇದ್ದಾಳೆ ಅಲ್ಲವಾ ಮೇಡಂ? ನೀವು ಕಲಿಸಿದ್ದು ಇದ್ದಾಳೆ.”

“ಇದ್ದಳು” ಎಂದಳು ವನಿತಾ. “ಭೂತಕಾಲ.”

“ಅಂದರೆ ಈಗ ಇಲ್ಲ.”

“ಇಲ್ಲ.”

“ಪಾಪ” ಎಂದಳು ಸುಮಿತಾ. “ಏನಾಗಿತ್ತಂತೆ, ಕೇಳು.”

“ಏನಾಗಿತ್ತು?”

“ಚೆನ್ನಾಗ್ ಓದ್ತಿದ್ಲು” ಎಂದ ಅಪ್ಪ. ಈಗ ಅವನು ಯಾರನ್ನೂ ನೋಡುತ್ತಿರಲಿಲ್ಲ. “ಧೂಳು ಒಳಕ್ಕೋಯ್ತು. ಮದ್ಲು ಮಾತು ಓಯ್ತು. ಆಮೇಲೆ ಅವ್ಳೂ ಓದ್ಲು.”

ತ್ರಿಪಾಠಿ ಹುಬ್ಬು ಗಂಟಿಕ್ಕಿದ. “ಓದ್ಲು ಅಂದರೆ ಪುಸ್ತಕ ಓದುವುದು. ಪುಸ್ತಕ ಓದಿ ಸತ್ತಳಾ?”

ಹಿಂದೆ ಯಾರೋ ನಗು ತಡೆದುಕೊಂಡರು.

“ಹೋದಳು” ಎಂದಳು ವನಿತಾ. “ಇವರ ಕಡೆ ಹಕಾರ ಹೇಳುವುದಿಲ್ಲ. ಓದಿದಳು, ಹೋದಳು, ಎರಡೂ ಹೆಚ್ಚುಕಡಿಮೆ ಒಂದೇ ತರ ಕೇಳಿಸುತ್ತೆ.”

ಇವರ ಕಡೆ ಎಂದದ್ದು ಅವಳ ಕಿವಿಗೇ ಬಿತ್ತು. ಬೇರೆ ಯಾರಿಗೂ ಅದರಲ್ಲಿ ಏನೂ ಕೇಳಿಸಲಿಲ್ಲ.

ಎಲ್ಲರೂ ದಿಬ್ಬ ಹತ್ತತೊಡಗಿದರು. ಸಾಯಿಕುಮಾರ್ ಅವಳ ಪಕ್ಕಕ್ಕೆ ಬಂದು ದನಿ ತಗ್ಗಿಸಿದ. “ಮೇಡಂ, ಇದ್ಯಾವ್ದು ಮಗಳ ಕತೆ? ಓದ ವಾರದ ತನಕ ತಮ್ಮ, ಬೆರಳು ಇಷ್ಟೇ ಇತ್ತು. ತಾತ ಸ್ವಂತವಾಗಿ ಸೇರಿಸ್ತಾ ಅವ್ನೆ. ಒಳ್ಳೇದೇ ಬಿಡಿ, ನೋಡಿ ಎಂಗ್ ಅತ್ಬಿಟ್ರು.”

“ನಿಜವಾದ ಗಣಿಯವರು ಯಾರೂ ಸಿಗಲಿಲ್ಲವಾ?”

“ಸಿಗ್ತಾರೆ. ಅವ್ರು ಮಾತಾಡಲ್ಲ ಮೇಡಂ. ಕೆಮ್ತಾರೆ ಅಷ್ಟೇ. ಇವ್ರಿಗೆ ಬಾಯಿದೆ.”

ಚಪ್ಪಲಿಯ ಪಟ್ಟಿ ಸಡಿಲವಾಗಿದೆ ಎಂದು ಅವಳು ಹಿಂದೆ ಉಳಿದಳು. ಕೆಳಗಿಳಿದು ಕುರ್ಚಿಯ ಹತ್ತಿರ ಹೋದಳು. ಅಪ್ಪ ಹೆಲ್ಮೆಟ್ ತೆಗೆದು ಮಡಿಲಲ್ಲಿಟ್ಟುಕೊಂಡು ಬಾಟಲಿಯಿಂದ ನೀರು ಕುಡಿಯುತ್ತಿದ್ದ. ಹೆಲ್ಮೆಟ್ ಇದ್ದ ಜಾಗದಲ್ಲಿ ಕೂದಲು ಅಂಟಿಕೊಂಡು ತಲೆ ಸಣ್ಣದಾಗಿ ಕಂಡಿತು.

“ಯಾಕಪ್ಪಾ ಅಂಗಂದೆ?”

“ಎಂಗಂದೆ?”

“ಮಗಳಿದ್ಲು ಅಂತ.”

“ನೀನು ಎಸ್ರು ಕೇಳಿದ್ಯಲ್ಲ. ಗೊತ್ತಿಲ್ದೋರು ಕೇಳಿದ್ರೆ ಗೊತ್ತಿಲ್ದೋರಂಗೇ ಏಳ್ಬೇಕು.”

ಅವಳು ಚಪ್ಪಲಿಯ ತುದಿಯಿಂದ ಬೂದುಮಣ್ಣನ್ನು ಕೆದಕಿದಳು.

“ಅಮ್ಮ ಎಂಗವ್ಳೆ?”

“ಅವ್ಳೆ.” ಬಾಟಲಿಯ ಮುಚ್ಚಳ ತಿರುಗಿಸಿದ. “ಮಗಳು ಬೆಂಗ್ಳೂರ್ನಾಗೆ ಕನ್ನಡ ಏಳ್ಕೊಡ್ತಾಳೆ ಅಂತ ಊರೆಲ್ಲಾ ಏಳ್ಕಂಡು ತಿರುಗ್ತಾಳೆ. ಕನ್ನಡ ಬರ್ದೇ ಇರೋರೂ ಅವ್ರಾ ಅಂತ ಜನ ನಗ್ತಾರೆ.”

“ಈಗ್ಲೂ ಏಳ್ತೀನಿ. ಎಲ್ರನೂ ಕರ್ದು ಏಳ್ತೀನಿ, ನಮ್ಮಪ್ಪ ಅಂತ.”

“ಏಳು” ಎಂದ ಅಪ್ಪ.

ಅವನು ಮತ್ತೆ ಕಾದ. ಈ ಸಲ ಅವನ ಕಣ್ಣಲ್ಲಿ ಆಸೆಯಿರಲಿಲ್ಲ, ನೋಡೋಣ ಎನ್ನುವ ಕುತೂಹಲ ಮಾತ್ರ ಇತ್ತು. ಹೇಳಿದರೆ ಅವನ ಕುರ್ಚಿಯೂ ಹೋಗುತ್ತದೆ ಎಂದು ಅವಳಿಗೆ ಆಗ ಹೊಳೆಯಿತು. ಪೆರುಮಾಳನಿಗೆ ಮುನಿನಾರಾಯಣಪ್ಪನ ಮಗಳು ಇರುವಂತಿಲ್ಲ. ಸುಮ್ಮನಿರಲು ಇದು ಒಳ್ಳೆಯ ಕಾರಣ. ಇಷ್ಟು ಬೇಗ ಹೊಳೆದದ್ದಕ್ಕೆ ಅವಳಿಗೆ ಅದರ ಮೇಲೆ ನಂಬಿಕೆ ಬರಲಿಲ್ಲ.

ಮೇಲಿನಿಂದ ಸುಮಿತಾ ಕೂಗಿದಳು. “ವನಿತಾ, ಗ್ರೂಪ್ ಫೋಟೊ. ತಾತನ ಹತ್ತಿರ ಏನದು ಅಷ್ಟು ಹೊತ್ತು?”

“ಏನಿಲ್ಲ ಮೇಡಂ” ಎಂದು ಅವಳೂ ಕೂಗಿದಳು. “ಹತ್ತೋ ದಾರಿ ಕೇಳ್ತಿದ್ದೆ.”

ಅಪ್ಪ ಹೆಲ್ಮೆಟ್ ಹಾಕಿಕೊಂಡ. ಬೂಟಿನೊಳಗೆ ಕಾಲು ಸರಿಮಾಡಿಕೊಂಡ.

“ಹೋಗಿ ಮೇಡಂ” ಎಂದ. “ಹುಷಾರು. ಜಾರ್ತದೆ.”

ಎರಡು ಕಡೆಯೂ ಹಕಾರ ಗಟ್ಟಿಯಾಗಿತ್ತು. ಅವಳು ಹುಟ್ಟಿದಾಗಿನಿಂದ ಅವನ ಬಾಯಲ್ಲಿ ಅದನ್ನು ಕೇಳಿರಲಿಲ್ಲ.

ದಿಬ್ಬ ಹತ್ತುವುದು ಕಷ್ಟವಿರಲಿಲ್ಲ, ನಿಲ್ಲುವುದು ಕಷ್ಟ. ಕಾಲಿಟ್ಟಲ್ಲಿ ಬೆಟ್ಟ ಒಂದಿಷ್ಟು ಕೆಳಗೆ ಹರಿದುಹೋಗುತ್ತಿತ್ತು. ಮೇಲೆ ಏನೂ ಇರಲಿಲ್ಲ. ಒಂದು ಗರಿಕೆ ಸಹ ಹುಟ್ಟಿರಲಿಲ್ಲ. ಎಲ್ಲರೂ ಕೈ ಚಾಚಿ ನಿಂತರು, ಸಾಯಿಕುಮಾರ್ ಹೇಳಿದಾಗ ಹಾರಿದರು. ಹಾರುವಾಗ ತೆಗೆದರೆ ಫೋಟೊದಲ್ಲಿ ನೆಲ ಕಾಣುವುದಿಲ್ಲ ಎಂದು ಅವನು ವಿವರಿಸಿದ. ವನಿತಾಳೂ ಹಾರಿದಳು.

ಕೆಳಗೆ ಇನ್ನೊಂದು ಮಿನಿಬಸ್ಸು ಬಂದು ನಿಂತಿತು. ಬಣ್ಣಬಣ್ಣದ ಟೋಪಿಗಳು ಇಳಿದು ಹಳದಿ ಚುಕ್ಕಿಯೊಂದನ್ನು ಸುತ್ತಿಕೊಂಡವು. ಚುಕ್ಕಿಯ ಪಕ್ಕದಲ್ಲಿ ಒಂದು ಕೈ ಮೇಲೆ ಎದ್ದಿತು. ಈ ಸಲ ಮಗಳನ್ನು ಸೇರಿಸಿದನೋ ಬಿಟ್ಟನೋ, ಅಷ್ಟು ಎತ್ತರಕ್ಕೆ ಕೇಳಿಸುವಂತಿರಲಿಲ್ಲ.

ಅವರು ಇಳಿದು ಬಸ್ಸು ಹತ್ತುವಾಗಲೂ ಆ ಗುಂಪು ಚದುರಿರಲಿಲ್ಲ. ಬೆನ್ನುಗಳ ಆಚೆ ಯಾರೂ ಕಾಣಲಿಲ್ಲ.

ಬಸ್ಸು ಹೊರಟ ಮೇಲೆ ತ್ರಿಪಾಠಿ ಎದ್ದುಬಂದು ಅವಳ ಎದುರಿನ ಸೀಟಿನಲ್ಲಿ ಹಿಂದಕ್ಕೆ ತಿರುಗಿ ಕೂತ. ಆಯಾ ದಿನದ ಪಾಠವನ್ನು ಅಂದೇ ಒಪ್ಪಿಸಬೇಕು ಅವನಿಗೆ.

“ತಾತ ಏನೇನು ಕಳೆದುಕೊಂಡರು, ನಾನು ಹೇಳುತ್ತೇನೆ. ತಪ್ಪಾದರೆ ತಿದ್ದಿ ಮೇಡಂ.”

ಅಂಗೈ ಬಿಚ್ಚಿ ಹಿಡಿದ. ಕಿರುಬೆರಳು ಮಡಚಿದ.

“ಒಂದು ತಮ್ಮ.”

ಮುಂದಿನ ಎರಡನ್ನೂ ಒಟ್ಟಿಗೆ ಮಡಚಿದ.

“ಎರಡು ಬೆರಳು.”

ತೋರುಬೆರಳು ಮಡಚಿದ.

“ಒಂದು ಮಗಳು.”

ಮನುಷ್ಯರನ್ನು ಹಾಗೆ ಎಣಿಸುವುದಿಲ್ಲ ಎಂದು ಹೇಳುವುದು ಅವಳ ಕೆಲಸ. ಅವಳು ಅವನ ಕೈ ನೋಡುತ್ತಿದ್ದಳು. ಮಡಚಿದ ಬೆರಳುಗಳ ಮೇಲೆ ಹೆಬ್ಬೆರಳು ಒಂದೇ ನೆಟ್ಟಗೆ ನಿಂತಿತ್ತು, ಎಲ್ಲ ಚೆನ್ನಾಗಿದೆ ಎನ್ನುವಾಗ ಜನ ತೋರಿಸುವ ಹಾಗೆ.

“ಸರೀನಾ ಮೇಡಂ?”

“ಸರಿ” ಎಂದಳು ವನಿತಾ.

“ಒಟ್ಟು ನಾಲ್ಕು” ಎಂದ ತ್ರಿಪಾಠಿ.