ಬಾಣದ ಮೇಲಿನ ಕುಂಕುಮ

ನಾನು ಒಂದು ಇನ್ವರ್ಟರ್ ಬ್ಯಾಟರಿ. ಕಾರ್ಖಾನೆಯಲ್ಲಿ ನನ್ನ ಹೊಟ್ಟೆಗೆ ಸೀಸದ ಫಲಕಗಳನ್ನು ಜೋಡಿಸಿ, ಆಸಿಡ್ ತುಂಬಿ, ನೆತ್ತಿಯ ಆರು ಬಾಯಿಗಳಿಗೆ ಬಿರಡೆ ಹಾಕಿದರು. ಉಸಿರಾಡಲೆಂದು ಆ ಬಿರಡೆಗಳಲ್ಲಿ ಸಣ್ಣ ತೂತುಗಳಿದ್ದವು. ಪಕ್ಕೆಯ ಮೇಲೆ ಕೆಂಪು ಬಾಣ ಬರೆದು, ‘ಈ ತುದಿ ಮೇಲಕ್ಕೆ’ ಎಂದು ಅಚ್ಚೊತ್ತಿದರು. ನಮ್ಮಂಥವರ ಬಾಳಿಗೆ ಅದೊಂದೇ ನಿಯಮ: ನೆಟ್ಟಗೆ ನಿಂತಿರಬೇಕು.

ಹುಬ್ಬಳ್ಳಿಯಲ್ಲಿ ಜೆರಾಕ್ಸ್ ಅಂಗಡಿ ಇಟ್ಟಿದ್ದ ಚನ್ನವೀರಪ್ಪ ನನ್ನನ್ನು ಮನೆಗೆ ತಂದ. ನಡುಮನೆಯಲ್ಲಿ ನಿಲ್ಲಿಸಿ ಪೂಜೆ ಮಾಡಿದ. ಸರಿಯಾಗಿ ಆ ಬಾಣದ ಮೇಲೇ ಗಂಧ ಮೆತ್ತಿ ಕುಂಕುಮ ಒತ್ತಿದ. ಹೆಂಡತಿ ನೀಲವ್ವ ಆರತಿ ಬೆಳಗಿದಳು. ಅವರ ಎಂಟು ತಿಂಗಳ ಕೂಸು ಗಂಗಿ ಅಂಬೆಗಾಲಲ್ಲಿ ಬಂದು ನನ್ನ ಮೈ ತಟ್ಟಿ ನಕ್ಕಿತು.

ತಿಂಗಳೊಳಗೆ ವಾಸ್ತು ಹೇಳುವವರೊಬ್ಬರು ಬಂದು, ಕರೆಂಟಿನ ಸಾಮಾನು ಆಗ್ನೇಯ ಮೂಲೆಯಲ್ಲೇ ಇರಬೇಕೆಂದರು. ಅಲ್ಲಿದ್ದದ್ದು ಅಡುಗೆಕಟ್ಟೆಯ ಕೆಳಗಿನ ಗೂಡು. ನನ್ನ ಎತ್ತರಕ್ಕಿಂತ ಒಂದು ಗೇಣು ಗಿಡ್ಡ.

“ಮಲಗಿಸಿದ್ರ ಹಿಡೀತದ,” ಎಂದ ಚನ್ನವೀರಪ್ಪ.

“ಬ್ಯಾಡ್ರೀ. ಏನರ ಸೋರಿದ್ರ? ಕೂಸು ಅಲ್ಲೇ ಆಡ್ತದ,” ಎಂದಳು ನೀಲವ್ವ.

“ಅಂಗಡ್ಯಾಗಿನ ಯುಪಿಎಸ್ ಬ್ಯಾಟರಿ ಮೂರು ವರ್ಷದಿಂದ ಮಲಗೇ ಐತಿ. ಒಂದ್ ಹನಿ ಸೋರಿಲ್ಲ. ನೀ ಹಿಟ್ಟು ನಾದು.”

ಮಲಗಿಸಿದ ದಿನವೇ ನೆತ್ತಿಯ ತೂತುಗಳಿಂದ ಆಸಿಡ್ ಜೊಲ್ಲಿನಂತೆ ಇಳಿಯಿತು. ಅದಕ್ಕೆ ಹಿಟ್ಟಿನ ಧೂಳು, ಒಗ್ಗರಣೆಯ ಜಿಡ್ಡು ಸೇರಿ ಬೂದುಬಣ್ಣದ ಲೋಳೆಯಾಯಿತು. ಒಂದು ಜಿರಳೆ ಅದರಲ್ಲಿ ಅಂಗಾತ ಬಿದ್ದು ಸತ್ತು, ಅಲ್ಲೇ ಕರಗತೊಡಗಿತು. ಚಾರ್ಜ್ ಆಗುವಾಗಲೆಲ್ಲ ಕೊಳೆತ ಮೊಟ್ಟೆಯ ನಾತ. ನನ್ನ ಮೈಗೆ ನಾನೇ ಅಸಹ್ಯಪಟ್ಟೆ. ಬಾಯಿ ಒರೆಸಿಕೊಳ್ಳೋಣವೆಂದರೆ ಕೈಯಿಲ್ಲ.

“ಥೂ, ಎಲ್ಲೋ ಇಲಿ ಸತ್ತೈತಿ,” ಎಂದು ಚನ್ನವೀರಪ್ಪ ಮೂಗು ಮುಚ್ಚಿಕೊಂಡು ಗೂಡಿನ ಮುಂದೆ ಊದಿನಕಡ್ಡಿ ಹಚ್ಚಿದ.

ನಾಲ್ಕನೇ ದಿನ ನೀಲವ್ವನ ಸೀರೆಯಂಚು ಒಗೆಯುವಾಗ ಹಪ್ಪಳದಂತೆ ಹರಿಯಿತು. ನೆಲ ಒರೆಸುವಾಗ ಆ ಅಂಚು ಎಲ್ಲಿ ತಾಗಿತ್ತೆಂದು ನೆನೆದು ಬಂದು ಗೂಡಿಗೆ ಬಗ್ಗಿದಳು. ಅಷ್ಟರಲ್ಲಿ ಗಂಗಿ ಅವಳ ಪಕ್ಕದಿಂದ ನುಸುಳಿ ಅಂಗೈ ಚಾಚಿತು. ಲೋಳೆಗೆ ಇನ್ನೊಂದು ಗೇಣು. ನನಗೆ ಕೂಗಲು ಬರುವುದಿಲ್ಲ. ನೀಲವ್ವ ಕೂಸನ್ನು ರಟ್ಟೆ ಹಿಡಿದು ಎಳೆದುಕೊಂಡಳು.

ಅಂಗಡಿಯ ಬ್ಯಾಟರಿಯನ್ನೂ ನೋಡಿಕೊಳ್ಳುತ್ತಿದ್ದ ಎಲೆಕ್ಟ್ರಿಷಿಯನ್ ಹಸನಸಾಬ ಬಂದವನೇ ಸ್ವಿಚ್ ಆರಿಸಿ, ಅಡುಗೆಸೋಡಾ ಚೆಲ್ಲಿದ. ಲೋಳೆ ಬುಸುಗುಟ್ಟಿ ನೊರೆಯಾಯಿತು.

“ಅಣ್ಣಾರ, ಅಂಗಡ್ಯಾಂದು ಸೀಲ್ ಆಗಿದ್ದು. ಪಕ್ಕಕ್ಕ ಮಲಗಿಸಿದ್ರ ನಡೀತದ, ತಲಿಕೆಳಗ ಮಾತ್ರ ಇಡಬಾರದು. ಇದು ನೀರು ಕುಡಿಯೋ ಬ್ಯಾಟರಿ. ಗಾಳಿ ಆಡೋ ಕಡೆ ನೆಟ್ಟಗ ನಿಲ್ಲಬೇಕು. ಮ್ಯಾಲ ಊದಿನಕಡ್ಡಿ ಬ್ಯಾರೆ! ಇದರ ಗ್ಯಾಸಿಗೆ ಕಿಡಿ ತಾಗಿದ್ರ ವಾಸ್ತು ಉಳೀತಿತ್ತು, ಗ್ವಾಡಿ ಹಾರ್ತಿತ್ತು.”

ನನ್ನನ್ನು ಎತ್ತಿ ನಿಲ್ಲಿಸಿದರು. ನೀಲವ್ವ ಒದ್ದೆ ಅರಿವೆಯಿಂದ ಕುಂಕುಮ ಉಜ್ಜಿದಳು. ಬಾಣವೂ ಅಕ್ಷರಗಳೂ ಕಂಡವು.

“ನಾ ಹಿಟ್ಟು ನಾದತೀನಿ. ನೀವು ಇದನ್ನ ಓದ್ರಿ, ಜೋರಾಗಿ.”

ಚನ್ನವೀರಪ್ಪ ಓದಿದ. ಎರಡನೇ ಸಲವೂ ಓದಿಸಿದಳು.

ನನ್ನ ಫಲಕಗಳು ಒಣಗಿ ಕೆಟ್ಟಿದ್ದವು. ಗುಜರಿಯವನು ಬಂದಾಗ ನೀಲವ್ವ, “ನಿಲ್ಲಿಸ್ಕೊಂಡ ಒಯ್ಯಪಾ,” ಎಂದಳು.

“ಆತ್ರೀ ಅಕ್ಕಾರ, ಮದುಮಗನಂಗ ಒಯ್ತೀನಿ,” ಎಂದು ಅವನು ನಕ್ಕ. ಆದರೂ ಮಾತು ಉಳಿಸಿಕೊಂಡ.

ಈಗ ಗುಜರಿಯ ಮೂಲೆಯಲ್ಲಿ ನಾನೊಬ್ಬನೇ ನಿಂತಿದ್ದೇನೆ. ಸುತ್ತಲಿನವರೆಲ್ಲ ಮಲಗಿದ್ದಾರೆ. ಅವರ ಬಾಯಿಂದ ಹರಿದದ್ದು ನನ್ನ ಬುಡಕ್ಕೆ ಬಂದು ನಿಂತಿದೆ. ಅದೇ ನಾತ, ಅದೇ ಲೋಳೆ. ಹೇಸಿಗೆಯಿಂದ ಮುಖ ತಿರುಗಿಸಲೂ ಆಗದು. ಆದರೆ ದಿನವೂ ಒಮ್ಮೆ ನೆಲವನ್ನೆಲ್ಲ ನೋಡುತ್ತೇನೆ. ಅಂಬೆಗಾಲಿಡುವ ಕೂಸು ಯಾವುದೂ ಇಲ್ಲ.

ಇವತ್ತೂ ನೋಡಿದೆ. ಇಲ್ಲ.