ಕಸೂತಿ ಗಿಳಿಯ ಟವೆಲ್ಲು

ಟವೆಲ್ಲು ಕಿಟಕಿಯೊಳಗೆ ಹಾರಿ ಸೀಟಿನ ಮೇಲೆ ಬಿದ್ದಾಗ ಅದರ ಮೂಲೆಯಲ್ಲಿ ಕೆಂಪು ಕೊಕ್ಕೊಂದು ಬಾಯಿ ಬಿಟ್ಟದ್ದು ಕಂಡಿತು, ಥೂ ದರಿದ್ರ, ಮಂಜುಳಾ ಕಸೂತಿ ಹಾಕಿಕೊಟ್ಟ ಗಿಳಿ, ಕೆಳಗೆ ಮಂ-ಉ ಅಂತ ಎರಡಕ್ಷರ — ಅರಸೀಕೆರೆ ಬಸ್‌ಸ್ಟ್ಯಾಂಡಿನ ನೂಕುನುಗ್ಗಲಲ್ಲಿ ಸೀಟು ಹಿಡಿಯುವವನು ಯಾವ ಟವೆಲ್ಲು ಅಂತ ನೋಡುತ್ತಾನೆಯೇ, ಎಸ್.ಟಿ.ಡಿ. ಬೂತಿನ ಉಮೇಶ ದಿನಾ ಎಸೆಯುವುದು ಹಳೇ ಚೌಕಳಿ ಟವೆಲ್ಲು, ಎಸೆಯುವುದು ಲತಾಮಣಿ ಮೇಡಂಗಾಗಿ, ಬೇಲೂರಿನ ಸ್ಕೂಲಿಗೆ ಹೋಗುವಾಕೆಗೆ, ಗೌರ್ಮೆಂಟು ಸಂಬಳದಾಕೆಗೆ. ಪ್ರೀತಿ ಇದ್ದೇ ಇದೆ, ಸಂಬಳವೂ ಅದರ ಜೊತೆಗೆ ಬಂದರೆ ಬೇಡ ಅನ್ನಲಾದೀತೇ. ಮಂಜುಳಾಳ ಮೇಲೂ ಪ್ರೀತಿಯೇ, ಅವರಪ್ಪ ಲಕ್ಕಪ್ಪನ ತೆಂಗಿನ ತೋಟದ ಮೇಲೂ. ಇವತ್ತು ಮಾದಿಹಳ್ಳಿಯ ಅವಳ ಮನೆಯಲ್ಲಿ ಇಬ್ಬರ ವೀಳ್ಯದ ಶಾಸ್ತ್ರ, ಮನೆಯವರೆಲ್ಲ ನಿನ್ನೆಯೇ ಹೋಗಿದ್ದಾರೆ, ಗಿಳಿ ಹೆಗಲ ಮೇಲಿಲ್ದೆ ಬಂದ್ರೆ ಒಳಕ್ಕೆ ಸೇರ್ಸಲ್ಲ ಕಣ್ರೀ ಅಂದಿದ್ದಾಳೆ ಅವಳು, ಆದರೆ ಬಸ್ಸು ಮಾದಿಹಳ್ಳಿ ಮುಟ್ಟುವುದರೊಳಗೆ ಲತಾಮಣಿ ಹ್ಞೂಂ ಅಂದುಬಿಟ್ಟರೆ ಅಲ್ಲಿ ಇಳಿಯುವುದೇ ಬೇಡ, ನೇರ ಬೇಲೂರು — ಇದರಲ್ಲಿ ಮೋಸ ಏನು ಬಂತು, ಒಂದು ಬಸ್ಸು ತಪ್ಪಿದರೆ ಇನ್ನೊಂದಿರಲಿ ಅಂತ ಎಲ್ಲರೂ ನೋಡುವುದಿಲ್ಲವೇ. ಲತಾಮಣಿ ಹತ್ತಿದಳು, ಟವೆಲ್ಲು ಎತ್ತಿದಳು, ಮಂ-ಉ ಅಂದ್ರೆ ಏನ್ರೀ ಉಮೇಶ್, ನಾಲಗೆಗೆಲ್ಲಿಯ ಎಲುಬು, ಮಂಗಳವಾರ ಉಪವಾಸ ಮೇಡಂ, ಹನುಮಪ್ಪನ ಪಾದಕ್ಕಿಟ್ಟು ತಂದದ್ದು, ಮತ್ತೆ ಈ ಗಿಳಿ? ಅದೂ ಉಪವಾಸ, ಬಾಯಿ ಬಿಟ್ಟಿರೋದು ನೋಡಿ. ಅವಳು ಟವೆಲ್ಲನ್ನು ಕಣ್ಣಿಗೊತ್ತಿಕೊಂಡಳು — ಅಬ್ಬ, ಬದುಕಿದೆ, ಎಂಥ ತಲೆ ನನ್ನದು — ಅಷ್ಟರಲ್ಲಿ ಅವಳ ಹಿಂದೆ ಇಸ್ತ್ರಿ ಷರಟಿನವನೊಬ್ಬ, ಇವ್ರು ಮಧುಕುಮಾರ್, ನಮ್ಮನೇಲಿ ಮದುವೆಗೆ ಒಪ್ಪಿದಾರೆ, ಬೇಲೂರಲ್ಲಿ ಇವತ್ತು ಇವ್ರಿಗೆ ಇಂಟರ್‌ವ್ಯೂ, ರೀ, ಇವ್ರೇ ದಿನಾ ನಂಗೆ ಸೀಟು ಹಿಡಿಯೋ ಉಮೇಶಣ್ಣ. ಅಣ್ಣ! ಟವೆಲ್ಲು ಎಸೆದೆಸೆದು ರಟ್ಟೆ ಬಿದ್ದುಹೋದದ್ದು ಅಣ್ಣ ಅನ್ನಿಸಿಕೊಳ್ಳುವುದಕ್ಕೆ, ಇವಳಿಗೆ ಬೇಕಿದ್ದದ್ದು ಸೀಟು, ಬರೀ ಸೀಟು, ಎಂಥ ಸ್ವಾರ್ಥಿ ಹೆಂಗಸು, ಹಾಳಾಗಿ ಹೋಗಲಿ, ಮಂಜುಳಾ ಇದ್ದಾಳೆ ಬಂಗಾರದಂಥವಳು, ಮೊದಲಿಂದಲೂ ಅವಳೇ ಮನಸ್ಸಿನಲ್ಲಿದ್ದದ್ದು — ಟವೆಲ್ಲು ಕೊಡಿ ಮೇಡಂ, ತಡೀರಣ್ಣ, ದೇವರದ್ದು ಅಂದ್ರಲ್ಲ, ಬೇಲೂರು ತನಕ ಇವ್ರ ಹೆಗಲ ಮೇಲಿರ್ಲಿ, ಒಳ್ಳೇದಾಗುತ್ತೆ. ದೇವರದ್ದು ಅಂದ ಬಾಯಲ್ಲೇ ನನ್ನದು ಅನ್ನುವುದು ಹೇಗೆ, ಮಧುಕುಮಾರ ಕಿಟಕಿಗೆ ಒರಗಿ ಕೂತ, ಉಮೇಶ ಕಂಬಿ ಹಿಡಿದು ನಿಂತ, ಜಾವಗಲ್ಲು ಹೋಯಿತು, ಹಳೇಬೀಡು ಹೋಯಿತು, ಮೇಡಂ ನಾನು ಇಳೀಬೇಕು, ಟವೆಲ್ಲು, ಅವರಿಬ್ಬರಿಗೂ ಏನೋ ನಗು, ಕೇಳಿಸದು, ಮಾದಿಹಳ್ಳಿ ಇಳಿಯೋರ್ ಬನ್ರೀ, ಕೆಳಗೆ ರೇಷ್ಮೆ ಸೀರೆಯ ಮಂಜುಳಾ, ಪಕ್ಕದಲ್ಲಿ ಕಣ್ಣು ಮಂಜಾದ ಲಕ್ಕಪ್ಪ, ಏಯ್ ಮಂಜಿ, ನಿನ್ ಗಿಳಿ ಅಲ್ಲೈತೆ ನೋಡೇ, ಅಳಿಯ ಯಾಕೋ ಬೇರೇನೇ ಕಾಣ್ತಾನಲ್ಲ, ಪಕ್ಕದಾಗಿರೋ ಹೆಂಗ್ಸು ಯಾರೇ — ಉಮೇಶ ಹಿಡಿದ ಕಂಬಿ ಬಿಡುವುದಿಲ್ಲ, ಮಂಜುಳಾ ಕಿಟಕಿ ನೋಡುತ್ತಿದ್ದಾಳೆ, ಕಿಟಕಿಯಲ್ಲಿ ಆ ಇಸ್ತ್ರಿ ಹೆಗಲ ಮೇಲಿಂದ ಗಿಳಿ ಅವಳನ್ನೇ ನೋಡುತ್ತಿದೆ, ಬಾಯಿ ಬಿಟ್ಟು, ಇನ್ನೇನು ಮಾತಾಡಿಬಿಡುತ್ತದೆ, ಕೆಂಪು ಕೊಕ್ಕು, ಆ ಕೆಂಪು ಕೊಕ್ಕು —