ಹಾರ ಹಾಕಿದ ಬುಧವಾರ

ನನ್ನ ಗಂಡ ವೀರಭದ್ರಸ್ವಾಮಿ ಪ್ರತಿ ಬುಧವಾರ ಬೆಳಿಗ್ಗೆ ಲೋಕಕ್ಕೆ ಬುದ್ಧಿ ಹೇಳುತ್ತಿದ್ದರು. ಲೋಕ ಎಂದರೆ ನಮ್ಮ ಬೀಚನಹಳ್ಳಿ ಕಾಲುವೆಯ ರೈತರ ವಾಟ್ಸಾಪ್ ಗುಂಪು. ಮೊಬೈಲಿನಲ್ಲಿ ತಮ್ಮದೊಂದು ಫೋಟೋ, ಪಕ್ಕದಲ್ಲಿ ಒಂದು ನುಡಿ, ಕೆಳಗೆ ಶುಭ ಬುಧವಾರ. ಸೋಮವಾರ ಯಾರು ಬೇಕಾದರೂ ಹುಮ್ಮಸ್ಸಿನಿಂದ ಇರುತ್ತಾರೆ, ಮನುಷ್ಯ ಕುಸಿಯುವುದು ವಾರದ ನಡುವೆಯೇ ಎಂಬುದು ಅವರ ಸಿದ್ಧಾಂತ. ನಮ್ಮೂರಿನಲ್ಲಿ ವಾರದ ನಡುವೆ ಕುಸಿಯುವಷ್ಟು ಪುರುಸೊತ್ತು ಯಾರಿಗಿದೆಯೋ ನನಗೆ ಗೊತ್ತಿಲ್ಲ.

ನುಡಿಗಳೂ ಅವರ ಸ್ವಂತದ್ದೇ. "ಬಿದ್ದವನು ಎದ್ದರೆ ನೆಲವೂ ಬೆನ್ನು ತಟ್ಟುತ್ತದೆ" ಎಂದು ಬರೆದ ವಾರವೇ ನಾನು ಬಚ್ಚಲಲ್ಲಿ ಜಾರಿ ಬಿದ್ದೆ. ನೆಲ ಬೆನ್ನು ತಟ್ಟಲಿಲ್ಲ, ಸೊಂಟ ಹಿಡಿಯಿತು. "ಸೂರ್ಯ ಎಂದೂ ರಜೆ ಹಾಕುವುದಿಲ್ಲ" ಎಂದು ಕಳಿಸಿದ್ದು ಆಷಾಢದ ಮೋಡ ಕವಿದು ವಾರವಿಡೀ ಬಟ್ಟೆ ಒಣಗದಿದ್ದಾಗ. ಹೀಗೆ ಬರೆದರೆ ಯಾರು ಓದುತ್ತಾರೆ ಎಂದು ಕೇಳಿದರೆ, ಓದುವವರು ಓದುತ್ತಾರೆ ಎನ್ನುತ್ತಿದ್ದರು.

ಅಸಲು ಸಂಗತಿ ಬೇರೆ. ಇವರು ನಿವೃತ್ತರಾಗುವ ತನಕ ಕಾಲುವೆಯ ನೀರಗಂಟಿ. ಕಾಲುವೆಯ ನೀರನ್ನು ಸರದಿಯ ಮೇಲೆ ಬಿಡುತ್ತಾರೆ, ನಮ್ಮ ಕಡೆಯ ಸರದಿ ಬುಧವಾರ. ಅವತ್ತು ಬೆಳಿಗ್ಗೆ ಇವರು ತೂಬು ಎತ್ತಿ, ಅದರ ಮುಂದೆ ನಿಂತು ಫೋಟೋ ತೆಗೆದು, ನೀರು ಬಿಟ್ಟಿದೆ ಎಂದು ಗುಂಪಿಗೆ ಹಾಕುತ್ತಿದ್ದರು. ಅಷ್ಟಾದರೆ ಸಾಕು, ಸಂಜೆಯ ತನಕ ಫೋನು ಬಿಡುವಿಲ್ಲದೆ ಹೊಡೆದುಕೊಳ್ಳುತ್ತಿತ್ತು. ಮೇಲಿನವರು ಕಟ್ಟೆ ಹಾಕಿಕೊಂಡಿದ್ದಾರೆ ಸ್ವಾಮಣ್ಣ, ನಮ್ಮ ಗದ್ದೆಗೆ ಬಂದಿಲ್ಲ ಸ್ವಾಮಣ್ಣ. ನಿವೃತ್ತಿಯಾದ ಮಾರನೆಯ ಬುಧವಾರ ಒಂದು ಕರೆಯೂ ಇಲ್ಲ. ಫೋನು ಕೆಟ್ಟಿದೆಯೇನೋ ಎಂದು ನನ್ನ ಫೋನಿನಿಂದ ಹೊಡೆಸಿ ನೋಡಿದರು. ಕೆಟ್ಟಿರಲಿಲ್ಲ. ನುಡಿಮುತ್ತು ಶುರುವಾದದ್ದು ಆಮೇಲೆ. ಆ ಕಾಲುವೆಯ ಉದ್ದಕ್ಕೂ ಯಾರಿಗಾದರೂ ತಾನು ಇನ್ನೂ ಬೇಕೇ ಎಂಬುದೊಂದೇ ಅವರಿಗೆ ತಿಳಿಯಬೇಕಿತ್ತು. ಬಾಯಿಬಿಟ್ಟು ಹೇಳಲಿಲ್ಲ, ಆದರೆ ಜೊತೆಗೆ ಬಾಳಿದವಳಿಗೆ ಅಷ್ಟೂ ತಿಳಿಯದೇ?

ಯಾರಿಗೂ ಬೇಕಿರಲಿಲ್ಲ. ಹೊಸ ನೀರಗಂಟಿ "ಈ ವಾರ ನೀರಿಲ್ಲ" ಎಂದು ಹಾಕಿದರೂ ಹೆಬ್ಬೆಟ್ಟಿನ ಮೇಲೆ ಹೆಬ್ಬೆಟ್ಟು ಬೀಳುತ್ತಿದ್ದವು. ಇವರ ನುಡಿಗೆ ಹೆಬ್ಬೆಟ್ಟೂ ಇಲ್ಲ, ಕೈಮುಗಿದ ಗೊಂಬೆಯೂ ಇಲ್ಲ. ಇವರು ಮಧ್ಯಾಹ್ನದ ತನಕ ಫೋನು ತೆಗೆದು ತೆಗೆದು ನೋಡುವರು. ನನಗೆ ಆ ಜನರ ಮೇಲೆ ಸಿಟ್ಟು ಬರುತ್ತಿತ್ತು. ಸಿಟ್ಟನ್ನು ತೀರಿಸಿಕೊಳ್ಳುತ್ತಿದ್ದುದು ಇವರ ಮೇಲೆ, ಕೈಗೆ ಸಿಗುತ್ತಿದ್ದವರು ಇವರೇ ತಾನೆ.

ಬರಬರುತ್ತಾ ಇವರು ಮಾತು ಕಡಿಮೆ ಮಾಡಿದರು. ಹೊತ್ತೇರಿದ ಮೇಲೆ ಏಳುವುದು, ಎದ್ದರೂ ಗೋಡೆಗೆ ಮುಖ ಮಾಡಿ ಕೂರುವುದು. ಎರಡನೆಯ ಮುದ್ದೆ ಬೇಡ ಎನ್ನತೊಡಗಿದಾಗ ನನಗೆ ನಿಜವಾಗಿಯೂ ಹೆದರಿಕೆಯಾಯಿತು.

ಕಡೆಗೊಂದು ಬುಧವಾರ, ಇನ್ನು ನಿಲ್ಲಿಸಿಬಿಡುತ್ತೇನೆ ಎಂದರು. ನಿಲ್ಲಿಸುವುದನ್ನಾದರೂ ಚೆಂದವಾಗಿ ನಿಲ್ಲಿಸಬೇಕೆಂದು ಫೋನಿನಲ್ಲಿ ಚೌಕಟ್ಟು ಹುಡುಕಿದರು. ಬಿಟ್ಟಿ ಸಿಗುವುದರಲ್ಲಿ ಒಂದು ಬಹಳ ಹಿಡಿಸಿತು. ಎರಡೂ ಕಡೆ ದೀಪ, ಮೇಲಿನಿಂದ ಇಳಿಬಿದ್ದ ಸುಗಂಧರಾಜದ ಹಾರ. ಗಂಭೀರವಾಗಿರಲಿ ಎಂದು ತಮ್ಮ ಫೋಟೋವನ್ನು ಕಪ್ಪುಬಿಳುಪು ಮಾಡಿ ಅದರೊಳಗೆ ಕೂರಿಸಿದರು. ಕೆಳಗೆ ಬರೆದರು, "ಇಷ್ಟು ವರ್ಷ ಜೊತೆಗಿದ್ದ ಎಲ್ಲರಿಗೂ ವಂದನೆಗಳು. ನನ್ನ ಕೆಲಸ ಮುಗಿಯಿತು. ಇನ್ನು ಮುಂದಿನ ಬುಧವಾರಗಳು ನಿಮ್ಮವು." ಕಳಿಸಿದವರೇ ಫೋನು ಆರಿಸಿ ಅಟ್ಟದ ಮೇಲಿಟ್ಟು, ಒಳಗಿನ ಕೋಣೆಯಲ್ಲಿ ಕಂಬಳಿ ಹೊದ್ದು ಮಲಗಿದರು. ನನಗೆ ಇದಾವುದೂ ತೋರಿಸಲಿಲ್ಲ. ನಾನು ರಾಗಿ ಬೀಸಿಸಲು ಮಿಲ್ಲಿಗೆ ಹೋದೆ, ನನ್ನ ಫೋನು ಒಲೆಯ ಪಕ್ಕವೇ ಉಳಿಯಿತು.

ಹಿಟ್ಟಿನ ಡಬ್ಬ ಹೊತ್ತು ವಾಪಸು ಬಂದರೆ ಮನೆಯ ಮುಂದೆ ಜನ. ಆಚೆಮನೆಯ ನಂಜುಂಡೇಶ ಹಾರೆ ಹಿಡಿದು ನಿಂತಿದ್ದಾನೆ. ನನ್ನನ್ನು ಕಂಡು ತಲೆ ತಗ್ಗಿಸಿ, ಮೆಲ್ಲಗೆ ಕೇಳಿದ.

"ಗುಂಡಿ ಎಲ್ಲಿ ತೆಗೆಸಾನ ಕಣಕ್ಕ?"

ತೆಂಗಿನ ಸಸಿ ತಂದಿದ್ದಾನೇನೋ ಎಂದುಕೊಂಡು, ಹಿತ್ತಲಲ್ಲೇ ತೆಗಿ, ನೀರು ಹಾಕಲು ಅನುಕೂಲ ಎಂದೆ. ಅವನು ಪಕ್ಕದವರ ಮುಖ ನೋಡಿದ. ಆಗ ಬಷೀರಣ್ಣ ಕಂಡರು. ಹುಣಸೂರಿನಲ್ಲಿ ಪಂಪ್‌ಸೆಟ್ ರಿಪೇರಿ ಅಂಗಡಿ ಇಟ್ಟುಕೊಂಡಿರುವ ಇವರ ಹಳೆಯ ಸ್ನೇಹಿತರು, ಹಬ್ಬಕ್ಕೆ ಕರೆದರೂ ಅಂಗಡಿ ಮುಚ್ಚಿ ಬಂದವರಲ್ಲ. ಅವರ ಕೈಯಲ್ಲಿ ಒಂದು ಆಳುದ್ದದ ಹಾರ. ಕಣ್ಣು ಕೆಂಪಗಿತ್ತು.

ಡಬ್ಬ ಎಲ್ಲಿ ಇಳಿಸಿದೆನೋ ನೆನಪಿಲ್ಲ. ಹೊರಡುವಾಗ ಮಲಗಿದ್ದವರನ್ನು ಒಂದು ಮಾತು ಆಡಿಸದೆ ಹೋಗಿದ್ದೆ. ಗೋಡೆ ಹಿಡಿದುಕೊಂಡು ಒಳಗೆ ಹೋದೆ. ಮುಸುಕು ಹಾಕಿ ಮಲಗಿದ್ದಾರೆ, ಅಲುಗಾಟವಿಲ್ಲ. ಕಂಬಳಿ ಎಳೆದೆ.

"ಹಿಟ್ಟು ನುಣ್ಣಗಾಯ್ತಾ?" ಎಂದರು.

ಮದುವೆಯಾದಾಗಿನಿಂದ ಗಂಡನ ಮೇಲೆ ಕೈ ಎತ್ತಿದವಳಲ್ಲ. ಅವತ್ತು ಬೆನ್ನಿಗೆ ಎರಡು ಕೊಟ್ಟೆ. ಆಮೇಲೆ ಅವರ ತೋಳು ಹಿಡಿದುಕೊಂಡು ಅತ್ತೆ.

ಇಬ್ಬರೂ ಹೊರಗೆ ಬಂದಾಗ ಎಲ್ಲರೂ ಎರಡು ಹೆಜ್ಜೆ ಹಿಂದೆ ಸರಿದರು. ಯಾರೋ ಫೋನು ತೋರಿಸಿದರು. ಹಾರ, ದೀಪ, ಕಪ್ಪುಬಿಳುಪಿನಲ್ಲಿ ನನ್ನ ಗಂಡ. ನಾನಾದರೂ ನಂಬುತ್ತಿದ್ದೆ. ಹುಣಸೂರಿಗೆ ಕೊಟ್ಟಿರುವ ಮಗಳು ಐಶ್ವರ್ಯ ಆಗಲೇ ಅಳುತ್ತಾ ಬಸ್ಸು ಹತ್ತಿದ್ದಳು. ಅವಳಿಗೆ ಫೋನು ಮಾಡಿ, ಬಾ, ನಿಮ್ಮಪ್ಪ ಬದುಕಿದ್ದಾರೆ, ಬಂದು ನೀನೂ ಬಯ್ಯಿ ಎಂದೆ. ಬದುಕಿದ್ದಾಗ ಹೆಬ್ಬೆಟ್ಟು ಎತ್ತದವರೆಲ್ಲ ಸತ್ತಾಗ ಹೆಗಲು ಕೊಡಲು ಬಂದಿದ್ದರು. ಅದನ್ನೂ ಅವರ ಎದುರಿಗೇ ಹೇಳಿದೆ.

ನಂಜುಂಡೇಶನಿಗೆ ಮುಜುಗರವಾಗಿರಬೇಕು. ಇಲ್ಲ ಕಣಕ್ಕ, ಈಗತಾನೆ ಸ್ವಾಮಣ್ಣನ ನುಡಿಗಳ ಬಗ್ಗೆಯೇ ಮಾತಾಡಿಕೊಳ್ಳುತ್ತಿದ್ದೆವು, ಎಂಥ ನುಡಿಗಳು ಅಂತ ಎಂದ. ಇವರ ಮುಖ ಅರಳಿತು. ಯಾವ ನುಡಿ ಎಂದು ಕೇಳಿದರು. ಕೇಳಬಾರದಿತ್ತು. ನಂಜುಂಡೇಶ ಹಾರೆಯನ್ನು ಈ ಕೈಯಿಂದ ಆ ಕೈಗೆ ಬದಲಾಯಿಸಿ, ಎಲ್ಲವೂ ಚೆನ್ನಾಗಿದ್ದವು ಎಂದ. ಬಷೀರಣ್ಣ ಬಹಳ ಯೋಚಿಸಿ, ಸೂರ್ಯನದು ಏನೋ ಒಂದಿತ್ತು ಎಂದರು. ಇವರು ಜಗಲಿಯ ಮೇಲೆ ಕುಸಿದು ಕುಳಿತರು.

ಅಷ್ಟರಲ್ಲಿ ಮಂಟಯ್ಯ ಬಂದ. ಕಾಲುವೆಯ ಕಟ್ಟಕಡೆಯ ಗದ್ದೆ ಅವನದು. ಅಲ್ಲಿಂದ ಏರಿಯ ಮೇಲೆ ನಡೆದೇ ಬಂದಿದ್ದಾನೆ, ಕಾಲೆಲ್ಲ ಧೂಳು. ಜಗಲಿಯ ಮೇಲೆ ಇವರು ಕೂತಿರುವುದನ್ನು ಕಂಡು ಅಂಗಳದಲ್ಲೇ ಕುಕ್ಕರುಗಾಲಲ್ಲಿ ಕೂತುಬಿಟ್ಟ. ನೀರು ಕೊಟ್ಟೆ. ಕುಡಿದು, ಜೇಬಿನಿಂದ ಫೋನು ತೆಗೆದು ಇವರಿಗೆ ಹಿಡಿದ.

"ನಂಗೆ ಓದಾಕೆ ಬರಾಕಿಲ್ಲ ಸ್ವಾಮಣ್ಣ," ಎಂದ. "ನಮ್ ಮನೆಯವ್ಳು ಬೀರಮ್ಮ ತೀರ್ಕಂಡ್ ಮ್ಯಾಲೆ ಒಲೆ ಅಚ್ಚಾಕೂ ಮನಸಿರ್ಲಿಲ್ಲ. ಮಲಗಿದ್ರೆ ಮಲ್ಗೇ ಇರ್ತಿದ್ದೆ. ಬುಧವಾರ ನಿಮ್ ಮೊಕ ಬತ್ತಿತ್ತು. ನೀರು ಬುಟ್ಟವ್ರೆ ಅಂತ ಎದ್ದು ಗದ್ದೆ ತಾವ್ಕೆ ನಡೀತಿದ್ದೆ. ನಡ್ದು ಬಂದ್ರೆ ಒಟ್ಟೆ ಅಸೀತಿತ್ತು. ಆಗ ಒಲೆ ಅಚ್ತಿದ್ದೆ."

ಬೇಸಿಗೆಯಲ್ಲಿ ಕಾಲುವೆ ಒಣಗಿತ್ತಲ್ಲೋ ಎಂದು ನಂಜುಂಡೇಶ ಕೇಳಿದ. ಮೇಲಿನವರು ಕಟ್ಟೆ ಹಾಕಿಕೊಂಡಿರಬೇಕು ಅಂದುಕೊಂಡೆ ಎಂದ ಮಂಟಯ್ಯ. ಮೇಲಿನ ಗದ್ದೆಯವರು ತಮ್ಮ ತಮ್ಮ ಚಪ್ಪಲಿ ಹುಡುಕತೊಡಗಿದರು.

"ಈವತ್ತು ನಿಮ್ ಪೋಟೋ ಮ್ಯಾಲೆ ಆರ ಕಂಡೆ," ಎಂದ ಮಂಟಯ್ಯ. ಆಮೇಲೆ ಕೇಳಿದ, "ನೀವ್ ಬರೀತಿದ್ದದ್ದು ಅದೇ ಅಲ್ವಾ ಸ್ವಾಮಣ್ಣ? ನೀರು ಬುಟ್ಟೀವಿ, ಏಳು ಅಂತ?"

ಇವರು ನನ್ನ ಮುಖ ನೋಡಿದರು. ಬಿದ್ದವನು, ಎದ್ದವನು, ನೆಲ, ಸೂರ್ಯ, ಎಲ್ಲ ಇವರ ಗಂಟಲಿನ ತನಕ ಬಂದಿದ್ದು ನನಗೆ ಕಂಡಿತು. ಎಲ್ಲಿ ವಿವರಿಸಲು ಕೂರುತ್ತಾರೋ ಎಂದು ನನಗೆ ಹೆದರಿಕೆ.

"ಹೂಂ ಕಣ್ ಮಂಟಯ್ಯ," ಎಂದರು. "ಅದನ್ನೇ ಬರೀತಿದ್ದೆ."

ಬಂದವರಿಗೆಲ್ಲ ಕಾಫಿ ಮಾಡಿದೆ. ನಂಜುಂಡೇಶ ಹಾರೆ ತಂದದ್ದು ದಂಡವಾಗದಿರಲಿ ಎಂದು ಹಿತ್ತಲಲ್ಲಿ ಗುಂಡಿ ತೆಗೆಸಿದೆ, ಹೇಗೂ ಸಸಿ ಇಡಬೇಕಿತ್ತು. ಬಷೀರಣ್ಣ ಹಾರವನ್ನು ವಾಪಸು ಒಯ್ಯಲಿಲ್ಲ. ಅದನ್ನು ನಮ್ಮ ಎಮ್ಮೆ ತಿಂದಿತು.

ಮುಂದಿನ ಬುಧವಾರ ಇವರು ನನಗಿಂತ ಮೊದಲು ಎದ್ದಿದ್ದರು. ತೂಬಿನ ಹತ್ತಿರ ಕರೆದುಕೊಂಡು ಹೋಗಿ ನನ್ನ ಕೈಯಲ್ಲಿ ಹೊಸ ಫೋಟೋ ತೆಗೆಸಿದರು, ಬಣ್ಣದ್ದು. ಮಂಟಯ್ಯನಿಗೆ ಓದಲು ಬರುವುದಿಲ್ಲವಲ್ಲ, ಬರಿಯ ಫೋಟೋ ಸಾಕು ಎಂದೆ. ನುಡಿ ಇಲ್ಲದೆ ಹೇಗೆ ಎಂದು ಬಹಳ ಹೊತ್ತು ಬರೆದು ಅಳಿಸಿ ಬರೆದು, "ಏಳಿ. ನಾನೂ ಎದ್ದಿದ್ದೇನೆ" ಎಂದಷ್ಟೇ ಹಾಕಿದರು. ತಕರಾರು ತೆಗೆಯಲು ನನಗೆ ಅದರಲ್ಲಿ ಏನೂ ಸಿಗಲಿಲ್ಲ. ಕಳಿಸಿದ ಮೇಲೆ ಫೋನು ನೋಡುತ್ತಾ ಕೂರದೆ, ಸೈಕಲ್ಲು ಹತ್ತಿ ಏರಿಯ ಮೇಲೆ ಕೊನೆ ಗದ್ದೆಯ ಕಡೆ ಹೋದರು.

ವಾಪಸು ಬಂದಾಗ ಊಟದ ಹೊತ್ತು ಮೀರಿತ್ತು. ತಟ್ಟೆ ಇಟ್ಟೆ. ಬೇಡ ಕಣೆ ಎಂದರು. ಮತ್ತೆ ಶುರುವಾಯಿತೇ ಎಂದು ಮುಖ ನೋಡಿದೆ. ಮಂಟಯ್ಯ ಒಲೆ ಹಚ್ಚಿದ್ದನಂತೆ. ಅಲ್ಲೇ ಎರಡು ಮುದ್ದೆ ಉಂಡು ಬಂದಿದ್ದರು.